ಹತ್ತು ಅಂಕದ ಪ್ರಶ್ನೆ

ಧಾರವಾಡದಲ್ಲಿ ಎರಡು ಸಲ ಕೂತೆ, ಎರಡು ಸಲವೂ ನಪಾಸು.
ಪ್ರಶ್ನೆ ಅದೇ: ಆದಿಯಿಂದ ಇಂದಿನವರೆಗಿನ
ಕಲೆಯ ಇತಿಹಾಸವನ್ನು ಸಂಕ್ಷಿಪ್ತವಾಗಿ ವಿವರಿಸಿರಿ.
ಗುಹೆಯ ಕಾಡುಕೋಣ ಬರೆದೆ, ಗ್ರೀಕರ ಮೂಗು ಬರೆದೆ,
ಮುಂದೆ ಇಸವಿಗಳು ಒಂದರ ಮೇಲೊಂದು ಜಾರಿ ಬಿದ್ದು
ಗಂಟೆ ಹೊಡೆಯಿತು.

ಈಗ ಲಕ್ಕುಂಡಿ, ಕನ್ನಡ ಶಾಲೆಯ ಹಿಂದಿನ ಗೋಡೆ.
ಗುತ್ತಿಗೆ ನನ್ನದು: ಕೆರೆದು, ಲಪ್ಪ ಹಚ್ಚಿ,
ನವಿಲು ಒಂದು, ಕಾಗುಣಿತ ಒಂದು ಸಾಲು,
ಕೈ ತೊಳೆಯುವ ಹುಡುಗಿ ಒಬ್ಬಳು.
ಸಂಗಡ ಶಾವಂತ್ರೆವ್ವ, ದಿನಗೂಲಿಗೆ;
ಅವಳ ಕರಣಿ ನನಗಿಂತ ಹಿರಿದು.

ಮೊದಲು ಉದುರಿದವ ನಾನೇ:
ಹನ್ನೊಂದು ವರ್ಷದ ಹಿಂದೆ ಬರೆದ ಭೂಪಟ.
ಸಮುದ್ರ ಸಲೀಸಾಗಿ ಬಿಟ್ಟುಕೊಟ್ಟಿತು.
ಮೂಲೆಯ ರುಜು ಮಾತ್ರ ಜಗಮೊಂಡ,
ಮೂರು ಸಲ ಕೆರೆಯಬೇಕಾಯಿತು.

ಅದರಡಿ ಯಾವುದೋ ಚುನಾವಣೆ,
ಕೈ ಮುಗಿದವನ ಮೊಣಕೈ ಉಂಟು, ಮುಖವಿಲ್ಲ.
ಅದರಡಿ ಟೆಂಟ್ ಸಿನಿಮಾದ ಅಂಟು,
ಅಂಟಿನಲ್ಲಿ ಉಳಿದ ಒಂದೇ ಒಂದು ಹುಬ್ಬು.
ಕಲ್ಲಚ್ಚಿನ ಮೇಲೆ ಬಗ್ಗಿ, ಎಡವನ್ನು ಬಲ ಮಾಡಿ
ಯಾರು ತಿದ್ದಿದರೋ ಈ ಹುಬ್ಬನ್ನು ಹುಬ್ಬಳ್ಳಿಯಲ್ಲಿ!
ನನ್ನ ಪುಸ್ತಕದಲ್ಲಿ ಇದಕ್ಕೊಂದು ಅಧ್ಯಾಯವಿರಲಿಲ್ಲ.

ಆಮೇಲೆ ನೀಲಿ.
ಸುಣ್ಣಕ್ಕೆ ಬೆರೆಸಿದ ಬಟ್ಟೆಯ ನೀಲಿ,
ದೀಪಾವಳಿಗೊಂದು ಪದರ, ಉಳ್ಳಾಗಡ್ಡಿಯ ಹಾಗೆ.
ನಾನು ಎಣಿಸಲಿಲ್ಲ, ಶಾವಂತ್ರೆವ್ವ ಎಣಿಸಿದಳು, ಹದಿನಾಲ್ಕು.
"ಇದೊಂದ ತೆಳ್ಳಗೈತಿ ನೋಡ್ರಿ,
ಆ ವರ್ಷ ಸುಣ್ಣ ತುಟ್ಟಿ ಇತ್ತೇನೊ."

ನೀಲಿಯ ಕೆಳಗೆ ಕೆಮ್ಮಣ್ಣು, ಅಂಚಿಗೆ ಬಿಳಿ ಚುಕ್ಕಿ.
ಶಾಲೆಯಾಗುವ ಮೊದಲು ಯಾರದೋ ದನದ ಕೊಟ್ಟಿಗೆ.
ಚುಕ್ಕಿಗಳ ನಡುವೆ ಒಂದು ಅಂಗೈ,
ಐದು ಬೆರಳು, ಕಿರುಬೆರಳು ಸೊಟ್ಟ.
ಪುಸ್ತಕದ ಮೊದಲ ಪುಟದಲ್ಲಿರಬೇಕಾದ ಅಂಗೈ
ಇಲ್ಲಿ ನಟ್ಟನಡುವೆ ಬಂದಿತ್ತು.
ಗೋಡೆಗೂ ಇಸವಿ ನೆನಪಿರುವುದಿಲ್ಲ.
ಕೆರೆಯಲೋ ಬೇಡವೋ ಎಂದು ನಾನು ನಿಂತಿದ್ದರೆ
ಅವಳು ತನ್ನ ಕೈ ಅದರ ಮೇಲಿಟ್ಟು ನೋಡಿದಳು.
ಹೊಂದಲಿಲ್ಲ.
"ಸಣ್ಣಾಕಿ ಇದ್ಲು" ಅಂದಳು,
ಕರಣಿಯನ್ನು ಬೇರೆ ಕಡೆ ಹಚ್ಚಿದಳು.

ಅಲ್ಲಿ ಠಣ್ ಎಂದಿತು.
ಹಾಲುಹಲ್ಲಿನಂತೆ ಅಲುಗುವ ಒಂದು ಕಲ್ಲು.
ಇಬ್ಬರೂ ಹಿಡಿದೆಳೆದು ಹೊರಳಿಸಿದೆವು:
ಬೆನ್ನಿಗೆ ಬೆನ್ನಲ್ಲ, ಮುಖ.
ಕಂಬದ ತುಂಡು; ಬಳೆಯ ಮೇಲೆ ಬಳೆ,
ತಿರುವಿ ತಿರುವಿ ತೆಗೆದ ಹೊಳಪಿನೊಳಗೆ
ನಮ್ಮ ಬಕೀಟು, ಏಣಿ, ಬಿಸಿಲು, ಎಲ್ಲ ಸಣ್ಣಗೆ.
ಬುಡದಲ್ಲಿ ಒಂದು ಹೂವು. ಏಳು ಎಸಳು ಅರಳಿವೆ,
ಎಂಟನೆಯದು ಬರೀ ಗೀರು, ಉಳಿ ಮುಟ್ಟಿಲ್ಲ.
ಒಂಬೈನೂರು ವರ್ಷ. ಈ ಲೆಕ್ಕ ನನಗೆ ಬರುತ್ತದೆ.
ಈ ಪುಟವನ್ನು ಕಂಠಪಾಠ ಮಾಡಿದ್ದೆ,
ಇದನ್ನು ಮಾತ್ರ ಅವರು ಕೇಳಲಿಲ್ಲ.

ಮೂಲೆಯಿಂದ ಚಕ್ಕೆಯೊಂದು ಸಿಡಿಯಿತು. ಬಳಪದ ಕಲ್ಲು.
ಮೂರನೆತ್ತೆಯ ದಸ್ತಗೀರ ಎತ್ತಿಕೊಂಡು
ಕಟ್ಟೆಯ ಮೇಲೆ ಟಂಟಂ ಬರೆದ:
ಗಾಲಿ ಮೂರು, ಒಳಗೆ ಹತ್ತು ಮಂದಿ,
ಹನ್ನೊಂದನೆಯವನಿಗೆ ಜಾಗ ಸಾಲದೆ
ಟಾಪಿನ ಮೇಲೆ, ಕುರಿಯ ಪಕ್ಕ.

ಹೆಡ್‌ಮಾಸ್ತರರು ಓಡಿ ಬಂದರು.
"ತಿರುವಿ ಇಡ್ರಿ ಮೊದಲ,
ಇಲಾಖೆಯವರು ಕಂಡರ ಕೆಲಸ ನಿಂತ ಹೋಗತೈತಿ."
ಹೋದರು. ಮತ್ತೆ ಬಂದರು, ಚಾಳೀಸು ಹಾಕಿಕೊಂಡು.
ಬಹಳ ಹೊತ್ತು ಏನೂ ಅನ್ನಲಿಲ್ಲ.

ಶಾವಂತ್ರೆವ್ವ ಕುಕ್ಕರುಗಾಲಿನಲ್ಲಿ ಕೂತು
ಎಂಟನೆಯ ಎಸಳಿನ ಮೇಲೆ ಹೆಬ್ಬೆರಳು ಆಡಿಸಿದಳು,
ಮಗುವಿನ ಹಣೆ ಮುಟ್ಟಿ ಜ್ವರ ನೋಡುವ ಹಾಗೆ.
"ಇದೊಂದ ಯಾಕ ಬಿಟ್ಟ ಅವ?
ವಾರದ ಬಟವಡಿ ಕೊಟ್ಟಿರಲಿಕ್ಕಿಲ್ಲ, ತಗೋರಿ."

ಸಂಜೆಯಾದರೂ ಕಲ್ಲು ಕಟ್ಟೆಯ ಮೇಲೆಯೇ ಇತ್ತು,
ತಿರುವಿ ಇಡಲು ಯಾರೂ ಏಳಲಿಲ್ಲ.
ಕಪ್ಪತಗುಡ್ಡದ ಕಡೆ ಗಾಳಿಯಂತ್ರಗಳು ಸಾವಕಾಶ ತಿರುಗುತ್ತಿದ್ದವು.
ನಾನು ವಹಿ ತೆಗೆದು ಬರೆದೆ:
ಗೋಡೆ ಕೆರೆದದ್ದು, ಆಳು ಎರಡು, ದಿನ ಒಂದು.
ಅದರ ಕೆಳಗೆ, ಹೋದ ವಾರದಿಂದ ನಾನು
ಮರೆತವನಂತೆ ನಡೆದುಕೊಂಡಿದ್ದ ಅವಳ ಬಾಕಿ,
ಇನ್ನೂರ ಐವತ್ತು.
ಎಣಿಸಿ ಕೊಟ್ಟೆ.
ಅವಳು ಮತ್ತೊಮ್ಮೆ ಎಣಿಸಿಕೊಂಡಳು.